ಸಾಕ್ಷ್ಯಚಿತ್ರ ಛಾಯಾಗ್ರಾಹಕರ ಕಸುಬು: ಬೀದರಿನ ಒಲೆಯಿಂದ ಶಹಾಬಾದಿನ ಕಲ್ಲುಗಣಿಯವರೆಗೆ

ಬೀದರಿನಲ್ಲಿ ಒಂದು ಬಿದರಿ ಹೂಜಿ ತಯಾರಾಗಲು ದಿನಗಟ್ಟಲೆ ಹಿಡಿಯುತ್ತದೆ. ಬಹುಪಾಲು ಸತು, ಸ್ವಲ್ಪ ತಾಮ್ರ ಸೇರಿದ ಲೋಹವನ್ನು ಕರಗಿಸಿ ಮಣ್ಣಿನ ಅಚ್ಚಿಗೆ ಸುರಿಯುತ್ತಾರೆ. ಆರಿದ ಮೇಲೆ ಅರದಿಂದ ಉಜ್ಜಿ ನುಣುಪು ಮಾಡುತ್ತಾರೆ. ಮೈಲುತುತ್ತದ ನೀರು ಸವರಿ ತಾತ್ಕಾಲಿಕವಾಗಿ ಕಪ್ಪಾಗಿಸಿಕೊಂಡು ಅದರ ಮೇಲೆ ಚಿತ್ತಾರ ಬರೆಯುತ್ತಾರೆ, ಉಳಿಯಿಂದ ಕೊರೆಯುತ್ತಾರೆ, ಕೊರೆದ ಗೆರೆಯಲ್ಲಿ ಬೆಳ್ಳಿಯ ತಂತಿ ಕೂರಿಸಿ ಸಣ್ಣ ಸುತ್ತಿಗೆಯಿಂದ ಬಡಿಯುತ್ತಾರೆ. ಮತ್ತೆ ಉಜ್ಜಿದಾಗ ಬೆಳ್ಳಿಯೂ ಲೋಹವೂ ಹೆಚ್ಚು ಕಡಿಮೆ ಒಂದೇ ಬಣ್ಣಕ್ಕೆ ಬಂದು, ಅಷ್ಟು ಹೊತ್ತಿನ ಕುಸುರಿ ಕಣ್ಣಿಗೇ ಬೀಳದಂತಾಗುತ್ತದೆ. ಕಡೆಯ ಘಟ್ಟ ಆಮೇಲೆ ಬರುತ್ತದೆ. ಹೂಜಿಯನ್ನು ಹದವಾಗಿ ಬಿಸಿ ಮಾಡಿ, ಕೋಟೆಯೊಳಗಿನ ಹಳೆಯ ಮಣ್ಣಿಗೆ ನವಸಾಗರ ಬೆರೆಸಿದ ಲೇಪವನ್ನು ತಿಕ್ಕುತ್ತಾರೆ. ಲೋಹ ಕಡುಕಪ್ಪಾಗುತ್ತದೆ. ಬೆಳ್ಳಿ ಮಾತ್ರ ಬೆಳ್ಳಗೇ ಉಳಿದು ಚಿತ್ತಾರವೆಲ್ಲ ಮೇಲೆದ್ದು ಬರುತ್ತದೆ.

ಸಾಕ್ಷ್ಯಚಿತ್ರದ ಕ್ಯಾಮೆರಾ ಹಿಡಿದವರಿಗೆ ಈ ಘಟ್ಟ ಒಂದು ಹೂಜಿಗೆ ಒಂದೇ ಸಲ ಸಿಗುತ್ತದೆ. ‘ಇನ್ನೊಮ್ಮೆ ಮಾಡಿ’ ಎಂದು ಕೇಳುವಂತಿಲ್ಲ. ಆದ್ದರಿಂದ ಲೇಪ ತಿಕ್ಕುವ ಮೊದಲೇ ಹಲವು ವಿಷಯ ತೀರ್ಮಾನವಾಗಿರಬೇಕು. ಕುಶಲಕರ್ಮಿಯ ಬಲಗೈ ಯಾವ ಕಡೆಯಿಂದ ಬರುತ್ತದೆ? ಆ ಕೈ ಹೂಜಿಯನ್ನು ಮರೆಮಾಡದಂತೆ ಕ್ಯಾಮೆರಾ ಎಲ್ಲಿ ಕೂರಬೇಕು? ಕಿಟಕಿಯ ಬೆಳಕು ಹಿಂದಿನಿಂದ ಬಂದರೆ ಒಳ್ಳೆಯದೋ ಪಕ್ಕದಿಂದಲೋ? ಲೋಹ ಕಪ್ಪಾಗುತ್ತಾ ಹೋದಂತೆ ಕ್ಯಾಮೆರಾವನ್ನು, ಬೆಳಕಿನ ಪ್ರಮಾಣವನ್ನು ಅದೇ ಹೊಂದಿಸಿಕೊಳ್ಳುವ ಆಟೊ ಎಕ್ಸ್‌ಪೋಶರ್‌ನಲ್ಲಿ ಬಿಟ್ಟರೆ ಅದು ‘ಕತ್ತಲಾಯಿತು’ ಎಂದು ಭಾವಿಸಿ ಚಿತ್ರವನ್ನು ತಾನೇ ಬೆಳಗಿಸಿಬಿಡುತ್ತದೆ. ಆಗ ಕಪ್ಪು ಬೂದಿಯಾಗುತ್ತದೆ, ಬೆಳ್ಳಿಯ ಗೆರೆ ಬಿಳಿಯ ಕಲೆಯಾಗುತ್ತದೆ. ಹಾಗಾಗಿ ಎಕ್ಸ್‌ಪೋಶರನ್ನು ಬೆಳ್ಳಿಯ ಹೊಳಪಿಗೆ ಹೊಂದಿಸಿ ಕೈಯಾರೆ ಕಟ್ಟಿಹಾಕಬೇಕು. ಇದೆಲ್ಲ ಗೊತ್ತಾಗಬೇಕಾದರೆ ಹಿಂದಿನ ದಿನ ಅದೇ ಕಾರ್ಖಾನೆಯಲ್ಲಿ, ಇನ್ನೊಂದು ಹೂಜಿ ಕಪ್ಪಾಗುವುದನ್ನು ಕ್ಯಾಮೆರಾ ಇಲ್ಲದೆ ಕೂತು ನೋಡಿರಬೇಕು.

ಈ ವೃತ್ತಿಯ ಬಗ್ಗೆ ನಾನು ಹೇಳಬೇಕಾಗಿರುವ ಮುಖ್ಯ ಮಾತು ಇದೇ. ಸಾಕ್ಷ್ಯಚಿತ್ರದ ಛಾಯಾಗ್ರಹಣವೆಂದರೆ ಬೇರೆಯವರ ಕೆಲಸದ, ಬದುಕಿನ ನಡೆಯನ್ನು ಮುಂಚಿತವಾಗಿ ಓದಿಕೊಳ್ಳುವ ವಿದ್ಯೆ. ಲೆನ್ಸು, ಬೆಳಕು, ಬ್ಯಾಟರಿ ಎಲ್ಲವೂ ಆ ಓದಿನ ಹಿಂದೆ ಬರುತ್ತವೆ. ಕಲಬುರಗಿ, ಬೀದರ್, ಯಾದಗಿರಿಯ ಹುಡುಗ ಹುಡುಗಿಯರು ಈ ಕಸುಬಿಗೆ ಬರಲು ಆಸೆಪಟ್ಟು ಮೊದಲು ಕ್ಯಾಮೆರಾದ ಬೆಲೆ ವಿಚಾರಿಸುವುದನ್ನು ನೋಡಿದಾಗಲೆಲ್ಲ ಇದನ್ನು ಬಿಡಿಸಿ ಹೇಳಬೇಕೆನಿಸುತ್ತದೆ. ನಮ್ಮ ಭಾಗದವರ ಬಳಿ ಈ ವೃತ್ತಿಗೆ ಬೇಕಾದ ಬಂಡವಾಳದ ದೊಡ್ಡ ಪಾಲು ಆಗಲೇ ಇದೆ. ಅದು ಬ್ಯಾಂಕಿನ ಸಾಲದಿಂದ ಬರುವಂಥದ್ದಲ್ಲ.

ಮೊದಲು ಕೆಲಸದ ಸ್ವರೂಪ. ಕಥಾಚಿತ್ರದಲ್ಲಿ ಛಾಯಾಗ್ರಾಹಕರ ಕೈಕೆಳಗೆ ಲೈಟಿನವರು, ಫೋಕಸ್ ಎಳೆಯುವವರು, ಟ್ರಾಲಿ ತಳ್ಳುವವರು ಹೀಗೆ ದೊಡ್ಡ ಬಳಗವೇ ಇರುತ್ತದೆ. ಪಾತ್ರಧಾರಿ ಗುರುತು ಹಾಕಿದ ಜಾಗಕ್ಕೇ ಬಂದು ನಿಲ್ಲುತ್ತಾನೆ. ಸಾಕ್ಷ್ಯಚಿತ್ರದ ತಂಡದಲ್ಲಿ ಬಹಳ ಸಲ ಮೂವರೇ: ನಿರ್ದೇಶಕರು, ಛಾಯಾಗ್ರಾಹಕರು, ಧ್ವನಿ ಹಿಡಿಯುವವರು. ಚಿತ್ರದ ವಿಷಯ ಮತ್ತು ದಾರಿ ನಿರ್ದೇಶಕರದ್ದು. ಆದರೆ ಒಂದು ಘಟನೆ ಕಣ್ಣೆದುರು ನಡೆಯುತ್ತಿರುವಾಗ ಯಾರ ಮುಖದ ಮೇಲೆ ನಿಲ್ಲಬೇಕು, ಯಾವಾಗ ಕೈಗಳ ಕಡೆಗೆ ಹೋಗಬೇಕು, ಯಾವಾಗ ಚಿತ್ರೀಕರಣ ನಿಲ್ಲಿಸಬೇಕು ಎಂಬುದನ್ನು ಕೇಳಿ ತಿಳಿಯುವಷ್ಟು ಹೊತ್ತು ಇರುವುದಿಲ್ಲ. ಆ ಕ್ಷಣಗಳಲ್ಲಿ ಛಾಯಾಗ್ರಾಹಕರೇ ಅರ್ಧ ನಿರ್ದೇಶಕರು. ಸುದ್ದಿವಾಹಿನಿಯ ಕ್ಯಾಮೆರಾದವರಿಗೂ ಇದೇ ಒತ್ತಡವಿರುತ್ತದೆ. ಆದರೆ ಅವರ ಚಿತ್ರ ಸಂಜೆಯ ಸುದ್ದಿಗೆ ಸಾಕು. ಸಾಕ್ಷ್ಯಚಿತ್ರದ ಒಂದು ದೃಶ್ಯ ಎರಡು ವರ್ಷದ ನಂತರ ಸಂಕಲನದ ಮೇಜಿನ ಮೇಲೆ, ಬೇರೆ ಋತುವಿನಲ್ಲಿ ತೆಗೆದ ಇನ್ನೊಂದು ದೃಶ್ಯದ ಪಕ್ಕದಲ್ಲಿ ಕೂರಬೇಕು.

ಈ ಬಗೆಯ ಚಿತ್ರೀಕರಣ ಸಾಧ್ಯವಾದದ್ದೇ 1960ರ ದಶಕದಲ್ಲಿ, ಹೆಗಲ ಮೇಲೆ ಹೊರಬಹುದಾದ 16 ಎಂಎಂ ಕ್ಯಾಮೆರಾಗಳು ಮತ್ತು ಅವುಗಳ ಜತೆ ಹೊಂದಿಕೊಂಡು ಓಡುವ ಟೇಪ್ ರೆಕಾರ್ಡರುಗಳು ಬಂದ ಮೇಲೆ. ಆಗ 400 ಅಡಿಯ ಒಂದು ರೀಲು ಸುಮಾರು 11 ನಿಮಿಷ ಓಡುತ್ತಿತ್ತು. ಆಮೇಲೆ ಹೊಸ ರೀಲು ಹಾಕಬೇಕು. ಹಾಗಾಗಿ ಗುಂಡಿ ಒತ್ತುವ ಮೊದಲು ಯೋಚಿಸುವುದು ಆ ತಲೆಮಾರಿಗೆ ಅಭ್ಯಾಸವಾಗಿತ್ತು. ಭಾರತದಲ್ಲಿ 1948ರಲ್ಲಿ ಶುರುವಾದ ಸರ್ಕಾರದ ಫಿಲ್ಮ್ಸ್ ಡಿವಿಷನ್ ದಶಕಗಳ ಕಾಲ ಸಾಕ್ಷ್ಯಚಿತ್ರ ಛಾಯಾಗ್ರಾಹಕರಿಗೆ ಸಂಬಳದ ಕೆಲಸ ಕೊಟ್ಟಿತು. 2022ರಲ್ಲಿ ಅದನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ ಸೇರಿಸಲಾಯಿತು. ಇಂದು ಈ ಕಸುಬಿನ ಬಹುತೇಕರು ಯಾರ ನೌಕರರೂ ಅಲ್ಲ, ಒಂದೊಂದು ಚಿತ್ರಕ್ಕೆ ಒಪ್ಪಂದದ ಮೇಲೆ ದುಡಿಯುವವರು.

ಇನ್ನು ಬೆಳಕು. ಕಲಬುರಗಿಯ ಬಿಸಿಲನ್ನು ನಾವು ಬೈಯುತ್ತಲೇ ಬೆಳೆದವರು. ಕ್ಯಾಮೆರಾಗೆ ಅದು ಎಂಥ ಸಮಸ್ಯೆ ಎಂಬುದನ್ನು ಲೆಕ್ಕ ಹಾಕಿಯೇ ನೋಡೋಣ. ನಮ್ಮ ದೇಶದ ವಿದ್ಯುತ್ತು ಸೆಕೆಂಡಿಗೆ 50 ಆವರ್ತನಗಳದ್ದು. ಅದಕ್ಕೆ ಹೊಂದುವಂತೆ ಸೆಕೆಂಡಿಗೆ 25 ಫ್ರೇಮ್, ಒಂದೊಂದು ಫ್ರೇಮಿಗೆ ಸೆಕೆಂಡಿನ 50ನೇ ಒಂದು ಭಾಗದ ಶಟರ್ (ಬೆಳಕು ಒಳಗೆ ಬೀಳುವ ಅವಧಿ) ಇಟ್ಟುಕೊಳ್ಳುವುದು ವಾಡಿಕೆ. ಇದನ್ನು ಬದಲಿಸಿದರೆ ಟ್ಯೂಬ್‌ಲೈಟಿನ ಕೆಳಗೆ ಚಿತ್ರ ಮಿಣುಕಬಹುದು, ನಡೆಯುವವರ ಕೈಕಾಲುಗಳ ಚಲನೆ ಕುಕ್ಕಿದಂತೆ ಕಾಣಬಹುದು. ಹಾಗಾಗಿ ಶಟರ್ ಅಲುಗುವಂತಿಲ್ಲ. ನಿಚ್ಚಳ ಬಿಸಿಲಿನಲ್ಲಿ ಐಎಸ್‌ಒ (ಕ್ಯಾಮೆರಾ ಬೆಳಕಿಗೆ ಎಷ್ಟು ಸೂಕ್ಷ್ಮ ಎಂಬ ಅಳತೆ) 100 ಇದ್ದು ಶಟರ್ 100ನೇ ಒಂದು ಭಾಗವಿದ್ದರೆ ಅಪರ್ಚರ್ (ಲೆನ್ಸಿನೊಳಗೆ ಬೆಳಕು ಬಿಡುವ ಕಿಂಡಿ, ಎಫ್ ಅಂಕಿ ದೊಡ್ಡದಾದಷ್ಟೂ ಕಿಂಡಿ ಸಣ್ಣದು) ಎಫ್ 16 ಬೇಕು ಎಂಬುದು ಫೋಟೊ ತೆಗೆಯುವವರಿಗೆಲ್ಲ ಬಾಯಿಪಾಠವಾದ ಹಳೆಯ ಸೂತ್ರ. ಶಟರ್ 50ನೇ ಒಂದು ಭಾಗಕ್ಕೆ ಇಳಿದರೆ ಬೆಳಕು ಎರಡು ಪಟ್ಟಾಯಿತು, ಅಪರ್ಚರ್ ಎಫ್ 22ಕ್ಕೆ ಹೋಗಬೇಕು. ಈಗಿನ ಎಷ್ಟೋ ಸಿನಿಮಾ ಕ್ಯಾಮೆರಾಗಳು ತಮ್ಮ ಪೂರ್ಣ ಸಾಮರ್ಥ್ಯ ತೋರುವುದು ಐಎಸ್‌ಒ 800ರಲ್ಲಿ. ಅಂದರೆ ಇನ್ನೂ ಎಂಟು ಪಟ್ಟು. ಲೆಕ್ಕ ಎಫ್ 64ಕ್ಕೆ ಮುಟ್ಟುತ್ತದೆ. ಕೈಯಲ್ಲಿರುವ ಲೆನ್ಸು ಎಫ್ 16 ಅಥವಾ 22ರ ಆಚೆಗೆ ಮುಚ್ಚಿಕೊಳ್ಳುವುದೇ ಇಲ್ಲ.

ರೈತನ ಮುಖ ಸ್ಪಷ್ಟವಾಗಿದ್ದು ಹಿಂದಿನ ಹೊಲ ಸ್ವಲ್ಪ ಮಸುಕಾಗಬೇಕೆಂದರೆ ಎಫ್ 5.6 ಆದರೂ ಬೇಕು. ಎಫ್ 64ರಿಂದ 5.6ಕ್ಕೆ ಏಳು ಮೆಟ್ಟಿಲು, ಪ್ರತಿ ಮೆಟ್ಟಿಲಿಗೂ ಬೆಳಕು ಇಮ್ಮಡಿ. ಲೆನ್ಸಿನ ಮುಂದೆ ಬಂದು ಬೀಳುವ ಬೆಳಕಿನಲ್ಲಿ 128ರಲ್ಲಿ ಒಂದು ಪಾಲನ್ನು ಮಾತ್ರ ಒಳಗೆ ಬಿಡುವ ಕಪ್ಪು ಗಾಜು ಹಾಕಬೇಕು. ಅದೇ ಎನ್‌ಡಿ ಫಿಲ್ಟರ್. ಹೊಸಬರು ಲೆನ್ಸಿಗೆ ಸಾಲ ಮಾಡಿ ಫಿಲ್ಟರಿಗೆ ಜಿಪುಣತನ ತೋರಿಸುತ್ತಾರೆ, ಅದು ಸರಿಯಲ್ಲ. ಅಗ್ಗದ ಎನ್‌ಡಿ ಚರ್ಮದ ಬಣ್ಣಕ್ಕೆ ಹಸಿರು ಅಥವಾ ಕೆಂಪು ಛಾಯೆ ತರುತ್ತದೆ. ತಿರುಗಿಸಿದಂತೆ ಕಪ್ಪಾಗುವ ವೇರಿಯಬಲ್ ಎನ್‌ಡಿಯನ್ನು ಕೊನೆಯವರೆಗೆ ತಿರುಗಿಸಿದರೆ ಚಿತ್ರದ ಮೇಲೆ ಕತ್ತರಿಯಾಕಾರದ ಕಪ್ಪು ನೆರಳು ಬೀಳುತ್ತದೆ.

ಫಿಲ್ಟರ್ ಬೆಳಕಿನ ಪ್ರಮಾಣ ತಗ್ಗಿಸಬಹುದು, ಆದರೆ ಅದರ ದಿಕ್ಕು ಬದಲಿಸಲಾರದು. ಏಪ್ರಿಲ್, ಮೇ ತಿಂಗಳ ಮಧ್ಯಾಹ್ನ ಸೂರ್ಯ ನೆತ್ತಿಯ ಮೇಲಿರುವಾಗ ಕಣ್ಣುಗಳೆಲ್ಲ ಹುಬ್ಬಿನ ನೆರಳಿನಲ್ಲಿ ಮುಚ್ಚಿಹೋಗುತ್ತವೆ. ತಲೆಗೆ ರುಮಾಲು ಸುತ್ತಿದವರ, ಸೆರಗು ಹೊದ್ದವರ ಮುಖ ಇನ್ನೂ ಕಪ್ಪು. ಇಲ್ಲಿ ನೆಲವೂ ಲೆಕ್ಕಕ್ಕೆ ಬರುತ್ತದೆ. ಯಾದಗಿರಿಯ ಎರೆಭೂಮಿ ಬೆಳಕನ್ನು ನುಂಗುತ್ತದೆ, ಕೆಳಗಿನಿಂದ ಮುಖಕ್ಕೆ ಏನೂ ಮರಳುವುದಿಲ್ಲ. ಶಹಾಬಾದಿನ ಫರಸಿ ಕಲ್ಲಿನ ಗಣಿಯಲ್ಲಿ ಅದೇ ಬಿಸಿಲು ಚಪ್ಪಟೆ ಸುಣ್ಣದ ಕಲ್ಲಿನ ಮೇಲೆ ಬಿದ್ದು ಪುಟಿದು, ಬಗ್ಗಿ ಕೆಲಸ ಮಾಡುವವರ ಮುಖವನ್ನು ಕೆಳಗಿನಿಂದ ಬೆಳಗುತ್ತದೆ. ಒಂದೇ ಸೀಮೆ, ಒಂದೇ ಹೊತ್ತು, ಎರಡು ಬೇರೆ ಬೇರೆ ಮುಖಗಳು. ಇದು ತಿಳಿದವರು ಮಧ್ಯಾಹ್ನ ಗಣಿಯಲ್ಲಿ, ಸಂಜೆ ಹೊಲದಲ್ಲಿ ಕೆಲಸ ಇಟ್ಟುಕೊಳ್ಳುತ್ತಾರೆ. ಒಂದು ಬಿಳಿಯ ಪಂಚೆಯನ್ನು ಮಾತನಾಡುವವರ ಕಾಲಬಳಿ ಹಾಸಿದರೂ ಕಣ್ಣಿಗೆ ಜೀವ ಬರುತ್ತದೆ, ಅದಕ್ಕೆ ದುಬಾರಿ ರಿಫ್ಲೆಕ್ಟರೇ ಆಗಬೇಕೆಂದಿಲ್ಲ.

ಒಳಾಂಗಣದ ಪಾಠಶಾಲೆಯೂ ನಮ್ಮಲ್ಲೇ ಇದೆ. ಕಲಬುರಗಿ ಕೋಟೆಯೊಳಗಿನ 1367ರ ಜಾಮಿಯಾ ಮಸೀದಿಗೆ ತೆರೆದ ಅಂಗಳವಿಲ್ಲ, ಇಡೀ ಕಟ್ಟಡಕ್ಕೆ ಛಾವಣಿಯಿದೆ. ಬೆಳಕು ಪಕ್ಕದ ಕಮಾನುಗಳಿಂದ ಒಳಗೆ ಬಂದು, ಕಂಬದಿಂದ ಕಂಬಕ್ಕೆ ತೆಳುವಾಗುತ್ತಾ ನಡುವಿಗೆ ತಲುಪುತ್ತದೆ. ಒಬ್ಬ ಮನುಷ್ಯ ಕಮಾನಿನ ಹತ್ತಿರದಿಂದ ಒಳಕ್ಕೆ ನಡೆದು ಹೋಗುವುದನ್ನು ಅಲ್ಲಿ ಸುಮ್ಮನೆ ನಿಂತು ಗಮನಿಸಿದರೆ, ಪಕ್ಕದ ಬೆಳಕು ಮುಖದ ಅರ್ಧವನ್ನು ಹೇಗೆ ಕೆತ್ತುತ್ತದೆ, ಆ ಬೆಳಕು ಎಷ್ಟು ಹೆಜ್ಜೆಗೆ ಸೋಲುತ್ತದೆ ಎಂಬುದು ಯಾವ ಪುಸ್ತಕಕ್ಕಿಂತ ಚೆನ್ನಾಗಿ ಅರ್ಥವಾಗುತ್ತದೆ. ಹಳ್ಳಿಯ ಮನೆಗಳಲ್ಲಿ ತೊಡಕು ಬೇರೆ. ಬಾಗಿಲಿನಿಂದ ಬರುವ ಹಗಲಿನ ಬೆಳಕು, ಬೆಳಕಿನ ಬಣ್ಣ ಅಳೆಯುವ ಕೆಲ್ವಿನ್ ಲೆಕ್ಕದಲ್ಲಿ, ಸುಮಾರು 5600, ನೀಲಿಯ ಕಡೆಗಿರುತ್ತದೆ. ಹಳೆಯ ಬಲ್ಬು 2800ರ ಆಸುಪಾಸು, ಹಳದಿಗೆಂಪು. ಅಡುಗೆಯ ಒಲೆ ಇನ್ನೂ ಕೆಂಪು. ಈ ಮೂರೂ ಒಂದೇ ಚೌಕಟ್ಟಿನಲ್ಲಿದ್ದರೆ ವೈಟ್ ಬ್ಯಾಲೆನ್ಸನ್ನು (ಬಿಳಿ ಯಾವುದೆಂದು ಕ್ಯಾಮೆರಾಗೆ ಹೇಳುವ ಹೊಂದಿಕೆ) ಯಾವುದಕ್ಕೆ ಹೊಂದಿಸಬೇಕು? ನನ್ನ ಉತ್ತರ: ಬಾಗಿಲಿನ ಬೆಳಕಿಗೆ ಹೊಂದಿಸಿ, ಬಲ್ಬು ಆರಿಸಲು ಮನೆಯವರನ್ನು ಕೇಳಿ, ಒಲೆಯನ್ನು ಅದರ ಬಣ್ಣದಲ್ಲೇ ಬಿಡಿ. ಒಲೆ ಕೆಂಪಗಿರುವುದೇ ಸರಿ.

ಒಂದು ದೃಶ್ಯವನ್ನು ತುಂಡುತುಂಡಾಗಿ ಹಿಡಿದು ಸಂಕಲನಕಾರರಿಗೆ ಹೇಗೆ ಒಪ್ಪಿಸಬೇಕೆಂಬುದು ಎರಡನೆಯ ದೊಡ್ಡ ವಿದ್ಯೆ. ತೊಗರಿ ರಾಶಿಯನ್ನೇ ತೆಗೆದುಕೊಳ್ಳಿ. ಕಲಬುರಗಿಯ ತೊಗರಿಗೆ 2019ರಲ್ಲಿ ಭೌಗೋಳಿಕ ಸೂಚಕ ಸಿಕ್ಕಿತು, ಜಿಲ್ಲೆಗೆ ತೊಗರಿಯ ಕಣಜ ಎಂಬ ಹೆಸರೇ ಇದೆ. ಮುಂಗಾರಿನಲ್ಲಿ ಬಿತ್ತಿದ್ದು ಡಿಸೆಂಬರ್, ಜನವರಿಯಲ್ಲಿ ಕೊಯ್ಲಿಗೆ ಬರುತ್ತದೆ. ಕೊಯ್ದ ಗಿಡಗಳನ್ನು ಒಟ್ಟಿ, ರಾಶಿ ಮಷಿನಿಗೆ ಹಾಕಿ ಕಾಳು ಬೇರೆ ಮಾಡುತ್ತಾರೆ. ಹೊಸಬರು ಇಲ್ಲಿ ಮಷಿನಿನ ಸುತ್ತ ಓಡಾಡಿ, ದೂಳು ಹಾರುವುದನ್ನು ನಿಧಾನಗತಿಯಲ್ಲಿ ಹಿಡಿದು ಖುಷಿಪಡುತ್ತಾರೆ. ಮನೆಗೆ ಬಂದು ಜೋಡಿಸಲು ಹೊರಟರೆ ಒಂದಕ್ಕೊಂದು ಅಂಟುವುದಿಲ್ಲ.

ಅನುಭವಸ್ಥರು ಮೊದಲು ದೂರ ನಿಂತು ಇಡೀ ಹೊಲ, ಮಷಿನ್, ಜನ ಎಲ್ಲ ಒಟ್ಟಿಗೆ ಕಾಣುವ ಒಂದು ಅಗಲ ಚಿತ್ರ ತೆಗೆಯುತ್ತಾರೆ. ಯಾರು ಎಲ್ಲಿದ್ದಾರೆ ಎಂಬುದು ನೋಡುಗರಿಗೆ ಅದರಿಂದ ತಿಳಿಯುತ್ತದೆ. ಆಮೇಲೆ ಒಬ್ಬರನ್ನು ಆರಿಸಿಕೊಳ್ಳುತ್ತಾರೆ, ಹೊರೆ ಎತ್ತಿ ಮಷಿನಿಗೆ ಕೊಡುವ ಹೆಂಗಸನ್ನು ಎಂದಿಟ್ಟುಕೊಳ್ಳಿ. ಆಕೆ ಬಗ್ಗುವುದು, ಹೊರೆ ತಬ್ಬುವುದು, ತಿರುಗುವುದು, ಕೊಡುವುದು, ಬರಿಗೈಯಲ್ಲಿ ಮರಳುವುದು: ಇಷ್ಟು ಒಂದು ಸುತ್ತು. ಈ ಸುತ್ತು ಅಂದು ನೂರಾರು ಸಲ ಪುನರಾವರ್ತನೆಯಾಗುತ್ತದೆ, ಅದೇ ನಮ್ಮ ಭಾಗ್ಯ. ಒಂದು ಸುತ್ತನ್ನು ಮೈಯೆಲ್ಲ ಕಾಣುವಂತೆ, ಇನ್ನೊಂದನ್ನು ಮುಖದಲ್ಲಿ, ಮತ್ತೊಂದನ್ನು ಕೈಗಳಲ್ಲಿ, ಮಗದೊಂದನ್ನು ಹೊರೆ ತೆಗೆದುಕೊಳ್ಳುವವನ ಕಡೆಯಿಂದ ಹಿಡಿಯಬಹುದು. ಆದರೆ ಆಕೆಗೂ ಮಷಿನಿಗೂ ನಡುವೆ ಎಳೆದ ಒಂದು ಕಾಣದ ಗೆರೆಯನ್ನು ಕ್ಯಾಮೆರಾ ದಾಟಬಾರದು. ದಾಟಿದರೆ ಎಡದಿಂದ ಬಲಕ್ಕೆ ನಡೆಯುತ್ತಿದ್ದವಳು ಮುಂದಿನ ಚಿತ್ರದಲ್ಲಿ ಬಲದಿಂದ ಎಡಕ್ಕೆ ನಡೆದು, ಹೊರೆಯನ್ನು ಮರಳಿ ಒಯ್ಯುತ್ತಿರುವಂತೆ ಕಾಣುತ್ತಾಳೆ. ಪ್ರತಿ ಚಿತ್ರದ ಮೊದಲು ಮತ್ತು ಕೊನೆಯಲ್ಲಿ ಹತ್ತು ಸೆಕೆಂಡು ಕ್ಯಾಮೆರಾ ಅಲುಗಿಸದೆ ನಿಲ್ಲಬೇಕು. ಮಷಿನ್ ನಿಂತಾಗ ಜನ ನೀರು ಕುಡಿಯುವುದು, ಕಣ್ಣಿಗೆ ಬಿದ್ದ ಹೊಟ್ಟು ಒರೆಸಿಕೊಳ್ಳುವುದು, ಮಾಲೀಕ ಚೀಲ ಎಣಿಸುವುದು, ಇವನ್ನು ಮರೆಯುವಂತಿಲ್ಲ. ಚೀಲ ಎಣಿಸುವಾಗಿನ ಮುಖದಲ್ಲಿ ಆ ವರ್ಷದ ಬೆಲೆ ಏನೆಂಬುದು ಬರೆದಿರುತ್ತದೆ.

ಧ್ವನಿಯನ್ನು ಇನ್ನೊಬ್ಬರು ನೋಡಿಕೊಂಡರೂ ಛಾಯಾಗ್ರಾಹಕರು ಕಿವಿ ಮುಚ್ಚಿಕೊಂಡಿರಬಾರದು. ಮಾತಾಡುವವರ ಕಾಲರ್ ಮೈಕಿಗೆ ಸೀರೆಯ ಸೆರಗು ಉಜ್ಜುತ್ತಿದೆಯೇ, ಮಾತು ಮುಗಿಯುವ ಮೊದಲೇ ಕ್ಯಾಮೆರಾ ತಿರುಗಿಸುತ್ತಿದ್ದೇನೆಯೇ ಎಂಬ ಎಚ್ಚರ ಬೇಕು. ಹೊರಡುವ ಮುನ್ನ ಆ ಜಾಗದ ಬರಿಯ ಸದ್ದನ್ನು ಒಂದು ನಿಮಿಷ ಹಿಡಿದುಕೊಂಡರೆ ಸಂಕಲನಕಾರರು ಹರಸುತ್ತಾರೆ.

ಈಗ ಜನರ ವಿಷಯಕ್ಕೆ ಬರುತ್ತೇನೆ. ನಮ್ಮ ಭಾಗದವರ ಬಂಡವಾಳ ಎಂದು ಮೇಲೆ ಹೇಳಿದ್ದು ಇದನ್ನೇ. ಬೀದರಿನಲ್ಲಿ ಬೆಳೆದವರ ಕಿವಿಗೆ ಕನ್ನಡ, ದಖನಿ ಉರ್ದು, ಮರಾಠಿ, ತೆಲುಗು ನಾಲ್ಕೂ ಬಿದ್ದಿರುತ್ತವೆ. ತಾಂಡಾಗಳ ಪಕ್ಕದಲ್ಲಿದ್ದವರಿಗೆ ಲಂಬಾಣಿಯೂ ತಿಳಿಯುತ್ತದೆ. ಒಂದು ಮನೆಯ ಜಗಲಿಯಲ್ಲಿ ಇಬ್ಬರು ತಮ್ಮ ತಮ್ಮಲ್ಲೇ ತಗ್ಗಿದ ದನಿಯಲ್ಲಿ ಮಾತಾಡಿಕೊಳ್ಳುವಾಗ, ಮುಂದಿನ ಕ್ಷಣ ಜಗಳವಾಗುತ್ತದೋ ಅಳುವೋ ಎಂಬುದು ಭಾಷೆ ಬಲ್ಲವರಿಗಷ್ಟೇ ಗೊತ್ತಾಗುತ್ತದೆ, ಅವರ ಕ್ಯಾಮೆರಾ ಮೊದಲೇ ಆ ಮುಖದ ಮೇಲಿರುತ್ತದೆ. ಹೊರಗಿನಿಂದ ಬಂದ ಛಾಯಾಗ್ರಾಹಕರು ಎಷ್ಟೇ ನಿಪುಣರಾದರೂ ಅನುವಾದ ಕಿವಿಗೆ ಬೀಳುವ ಹೊತ್ತಿಗೆ ಆ ಕ್ಷಣ ಕಳೆದಿರುತ್ತದೆ. ಗುಳೆ ಹೋಗುವ ಕುಟುಂಬ ಬೆಂಗಳೂರಿಗೋ ಮುಂಬೈಗೋ ಹೊರಡುವ ಮುನ್ನ ಮನೆಯಲ್ಲಿ ಏನೇನು ನಡೆಯುತ್ತದೆ, ಮುದುಕರನ್ನು ಯಾರ ಬಳಿ ಬಿಡುತ್ತಾರೆ, ಮುಂಗಡ ಯಾರಿಂದ ಬರುತ್ತದೆ ಎಂಬುದನ್ನು ಕಣ್ಣಾರೆ ಕಂಡವರು ನಾವು. ಹೆಣ್ಣುಮಕ್ಕಳು ಈ ಕಸುಬಿಗೆ ಬಂದರೆ ಗಂಡಸರ ಕ್ಯಾಮೆರಾ ಕಾಲಿಡಲಾಗದ ಒಳಮನೆ, ಹೆರಿಗೆಯ ಕೋಣೆ, ಪರದೆಯ ಆಚೆಗಿನ ಜಗತ್ತು ಅವರಿಗೆ ತೆರೆದುಕೊಳ್ಳುತ್ತದೆ. ಅಲ್ಲಿನ ಚಿತ್ರಗಳು ಇನ್ನೂ ತೆಗೆಯದೆ ಉಳಿದಿವೆ ಎಂಬುದು ನನ್ನ ದೃಢ ನಂಬಿಕೆ.

ಇಷ್ಟು ಹತ್ತಿರ ಬಿಟ್ಟುಕೊಂಡವರಿಗೆ ನಾವು ಸಲ್ಲಿಸಬೇಕಾದ ಋಣವೂ ದೊಡ್ಡದು. ಒಪ್ಪಿಗೆ ಎಂಬುದು ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವುದರೊಂದಿಗೆ ಮುಗಿಯುವುದಿಲ್ಲ. ಚಿತ್ರ ಎಲ್ಲಿ ಪ್ರದರ್ಶನವಾಗುತ್ತದೆ, ಊರಿನವರು ನೋಡಬಹುದೇ, ಸಾಲ ಕೊಟ್ಟ ಸಾಹುಕಾರ ನೋಡಬಹುದೇ ಎಂಬುದನ್ನು ಅವರ ಭಾಷೆಯಲ್ಲೇ ಬಿಡಿಸಿ ಹೇಳಬೇಕು. ಮೊದಲ ದಿನ ಒಪ್ಪಿದವರು ಐದನೇ ದಿನ ಬೇಡವೆಂದರೆ ಬೇಡವೇ. ಮಕ್ಕಳ ವಿಷಯದಲ್ಲಿ ಕಾನೂನೇ ಗೆರೆ ಎಳೆದಿದೆ: ಲೈಂಗಿಕ ದೌರ್ಜನ್ಯಕ್ಕೆ ಒಳಗಾದ ಮಗುವಿನ ಗುರುತು ಬಯಲು ಮಾಡುವುದು 2012ರ ಪೋಕ್ಸೊ ಕಾಯ್ದೆಯಡಿ ಅಪರಾಧ. ರಕ್ಷಣೆ ಬೇಕಾದ ಅಥವಾ ಕಾನೂನಿನ ಸಂಘರ್ಷಕ್ಕೆ ಸಿಲುಕಿದ ಮಕ್ಕಳ ಗುರುತಿಗೂ 2015ರ ಬಾಲನ್ಯಾಯ ಕಾಯ್ದೆಯ ಕಾವಲಿದೆ. ಮುಖ ಮಸುಕು ಮಾಡಿದರೆ ಸಾಲದು. ಮನೆಯ ಬಾಗಿಲು, ಶಾಲೆಯ ಸಮವಸ್ತ್ರ, ತಾಯಿಯ ದನಿ ಕೂಡ ಗುರುತೇ. ಇದನ್ನು ಚಿತ್ರೀಕರಿಸುವಾಗಲೇ ಯೋಚಿಸಬೇಕು, ಬೆನ್ನ ಹಿಂದಿನಿಂದಲೋ ಕೈಗಳನ್ನಷ್ಟೇ ಹಿಡಿದೋ ಹೇಳುವ ದಾರಿ ಹುಡುಕಬೇಕು.

ಜನಜಂಗುಳಿ ಇನ್ನೊಂದು ಪರೀಕ್ಷೆ. ಮಕರ ಸಂಕ್ರಾಂತಿಯಂದು ಯಾದಗಿರಿ ಬಳಿಯ ಮೈಲಾಪುರದ ಮೈಲಾರಲಿಂಗೇಶ್ವರನ ಜಾತ್ರೆಯಲ್ಲಿ ಭಂಡಾರ ಮೋಡದಂತೆ ಏಳುತ್ತದೆ. ಅರಿಶಿನದ ಪುಡಿ ಲೆನ್ಸಿನ ಮೇಲೆ ಕೂತರೆ ಒರೆಸಬಹುದು, ಲೆನ್ಸು ಬದಲಿಸುವಾಗ ಒಳಗಿನ, ಚಿತ್ರ ಹಿಡಿಯುವ ಸೆನ್ಸರಿನ ಮೇಲೆ ಕೂತರೆ ಆ ದಿನ ಮುಗಿಯಿತು. ಒಂದೇ ಜೂಮ್ ಲೆನ್ಸ್ ಹಾಕಿಕೊಂಡು, ಅದನ್ನು ತೆಗೆಯದೆ, ಸಂಜೆಯವರೆಗೆ ಕೆಲಸ ಮಾಡಬೇಕು. ಮೆರವಣಿಗೆಗೆ ಮುಖ ಮಾಡಿ ಹಿಂದಕ್ಕೆ ನಡೆಯುವವರಿಗೆ ಬೆನ್ನ ಹಿಂದೆ ಕೈ ಇಟ್ಟು ದಾರಿ ತೋರುವ ಒಬ್ಬ ಸಹಾಯಕ ಬೇಕೇ ಬೇಕು. ಜಾತ್ರೆಯ ನೂಕುನುಗ್ಗಲಿನಲ್ಲಿ ಒಳ್ಳೆಯ ಚಿತ್ರಕ್ಕಿಂತ ಕಾಲಿನ ಮೇಲೆ ನಿಂತಿರುವುದು ಮುಖ್ಯ.

ಅನುಮತಿಗಳ ವಿಚಾರ ಬೇಸರದ್ದು, ಆದರೆ ತಿಳಿಯದೆ ಹೋದರೆ ಇಡೀ ತಂಡದ ದಿನ ಹಾಳು. ಬೀದರ್ ಕೋಟೆ, ಕಲಬುರಗಿ ಕೋಟೆ, ಅಷ್ಟೂರಿನ ಗುಂಬಜುಗಳು, ಸನ್ನತಿ ಬಳಿಯ ಕನಗನಹಳ್ಳಿಯ ಸ್ತೂಪ ಎಲ್ಲವೂ ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆಯ ಸುಪರ್ದಿಯಲ್ಲಿವೆ. ಅಲ್ಲಿ ಚಿತ್ರೀಕರಣಕ್ಕೆ ಮುಂಚಿತವಾಗಿ ಅರ್ಜಿ ಹಾಕಬೇಕು. ಚಿಂಚೋಳಿಯ ವನ್ಯಜೀವಿಧಾಮದಂಥ ಕಾಡಿಗೆ ಅರಣ್ಯ ಇಲಾಖೆಯ ಪರವಾನಗಿ ಬೇಕು. ಡ್ರೋನ್ ಹಾರಿಸುವವರಿಗೆ 2021ರ ಡ್ರೋನ್ ನಿಯಮಗಳಿವೆ: 250 ಗ್ರಾಂಗಿಂತ ಭಾರದ ಡ್ರೋನನ್ನು ದುಡಿಮೆಗಾಗಿ ಹಾರಿಸಲು ಪೈಲಟ್ ಪ್ರಮಾಣಪತ್ರ ಬೇಕು, ಹಸಿರು ವಲಯದಲ್ಲೂ ಅನುಮತಿಯಿಲ್ಲದೆ 400 ಅಡಿಗಿಂತ ಮೇಲೆ ಏರುವಂತಿಲ್ಲ, ಕೆಂಪು ವಲಯದಲ್ಲಿ ಕೇಂದ್ರ ಸರ್ಕಾರದ ಒಪ್ಪಿಗೆಯಿಲ್ಲದೆ ಹಾರಿಸುವಂತಿಲ್ಲ. ಬೀದರಿನಲ್ಲಿ ವಾಯುಪಡೆಯ ತರಬೇತಿ ನೆಲೆ ಇರುವುದರಿಂದ ಯಾವ ಜಾಗ ಯಾವ ವಲಯವೆಂದು ತೋರಿಸುವ ಸರ್ಕಾರದ ಡಿಜಿಟಲ್ ಸ್ಕೈ ನಕ್ಷೆ ನೋಡದೆ ಅಲ್ಲಿ ಡ್ರೋನ್ ಪೆಟ್ಟಿಗೆಯನ್ನೇ ತೆರೆಯಬಾರದು. ಹೇಗೂ ನನ್ನ ಅಭಿಪ್ರಾಯದಲ್ಲಿ ಮೇಲಿನಿಂದ ತೆಗೆದ ಕೋಟೆಯ ಚಿತ್ರಗಳು ಸಾಕಷ್ಟಾಗಿವೆ. ನೌಬಾದಿನ ಸುರಂಗ ಬಾವಿಯ ಗಾಳಿಕಿಂಡಿಯಿಂದ ಬೀಳುವ ಬೆಳಕು ನೆಲದಡಿಯ ನೀರಿನ ಮೇಲೆ ಹೇಗೆ ಸರಿಯುತ್ತದೆಂಬುದು ಅದಕ್ಕಿಂತ ಹೆಚ್ಚು ಹೇಳುತ್ತದೆ.

ಸಂಜೆ ಕೋಣೆಗೆ ಮರಳಿದ ಮೇಲೆ ಅರ್ಧ ಕೆಲಸ ಬಾಕಿ. ಸೆಕೆಂಡಿಗೆ 100 ಮೆಗಾಬಿಟ್ ವೇಗದಲ್ಲಿ ಬರೆಯುವ ಕ್ಯಾಮೆರಾ ಗಂಟೆಗೆ 45 ಜಿಬಿ ತುಂಬುತ್ತದೆ. ದಿನಕ್ಕೆ ನಾಲ್ಕು ಗಂಟೆ ಫುಟೇಜ್ ಎಂದರೆ 180 ಜಿಬಿ, 20 ದಿನಕ್ಕೆ 3.6 ಟಿಬಿ. ಇದರ ಮೂರು ಪ್ರತಿ ಇರಬೇಕು, ಒಂದು ಪ್ರತಿ ಬೇರೆ ಊರಿನಲ್ಲಿರಬೇಕು. ಅಂದರೆ 11 ಟಿಬಿಯಷ್ಟು ಜಾಗ. ಹಾರ್ಡ್ ಡಿಸ್ಕಿನ ಖರ್ಚನ್ನು ಮೊದಲೇ ನಿರ್ಮಾಪಕರ ಅಂದಾಜುಪಟ್ಟಿಯಲ್ಲಿ ಸೇರಿಸದಿದ್ದರೆ ಅದು ಛಾಯಾಗ್ರಾಹಕರ ಜೇಬಿನಿಂದಲೇ ಹೋಗುತ್ತದೆ. ಎರಡು ಕಡೆ ನಕಲಾಗಿ, ತೆರೆದು ನೋಡುವವರೆಗೆ ಕಾರ್ಡನ್ನು ಅಳಿಸಬಾರದು, ನಿದ್ದೆ ಎಷ್ಟೇ ಒತ್ತರಿಸಿ ಬಂದರೂ. ಕರೆಂಟು ಹೋಗಿ ಬರುವ ಊರಿನಲ್ಲಿ ನಕಲು ನಡುವೆ ನಿಂತುಹೋಗಬಹುದು, ಅದಕ್ಕೇ ತೆರೆದು ನೋಡುವ ಕಟ್ಟುನಿಟ್ಟು. ಬೇಸಿಗೆಯಲ್ಲಿ ಕ್ಯಾಮೆರಾ, ಬ್ಯಾಟರಿಗಳನ್ನು ನಿಂತ ಕಾರಿನೊಳಗೆ ಬಿಡಬಾರದು. ಹೊರಗೆ 42 ಡಿಗ್ರಿ ಇದ್ದಾಗ ಗಾಜು ಮುಚ್ಚಿದ ಕಾರು ಒಲೆಯಾಗಿರುತ್ತದೆ.

ಸೇರುವುದು ಹೇಗೆ? ಓದಿನ ದಾರಿಯಲ್ಲಿ ಪುಣೆಯ ಭಾರತೀಯ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆ (ಎಫ್‌ಟಿಐಐ), ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆ ಇವೆ. ಎರಡರಲ್ಲೂ ಛಾಯಾಗ್ರಹಣದ ಪ್ರತ್ಯೇಕ ವಿಭಾಗವಿದೆ, ಪದವಿ ಮುಗಿಸಿ ಪ್ರವೇಶ ಪರೀಕ್ಷೆ ಬರೆಯಬೇಕು. ರಾಜ್ಯದಲ್ಲಿ ಹೆಸರಘಟ್ಟದ ಸರ್ಕಾರಿ ಚಲನಚಿತ್ರ ಮತ್ತು ದೂರದರ್ಶನ ಸಂಸ್ಥೆ ಡಿಪ್ಲೊಮಾ ಕೊಡುತ್ತದೆ. ಛಾಯಾಗ್ರಾಹಕರೊಬ್ಬರಿಗೆ ಮೊಟ್ಟಮೊದಲು ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ತಂದುಕೊಟ್ಟ ಮೈಸೂರಿನ ವಿ. ಕೆ. ಮೂರ್ತಿಯವರು ಈ ವಿದ್ಯೆ ಕಲಿತದ್ದು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಆ ಪ್ರಶಸ್ತಿ 2008ನೇ ಸಾಲಿನದು. ಶಾಲೆಯ ಹಂಗಿಲ್ಲದೆ ಬೆಳೆದವರೂ ನಮ್ಮಲ್ಲಿದ್ದಾರೆ. ಕೃಪಾಕರ ಮತ್ತು ಸೇನಾನಿ ವರ್ಷಗಟ್ಟಲೆ ಸೀಳುನಾಯಿಗಳ ಹಿಂದೆ ಕಾಡು ಸುತ್ತಿ ಅವುಗಳ ದಿನಚರಿಯನ್ನು ಅರಿತ ಮೇಲೆಯೇ ಅವರ ಚಿತ್ರಗಳು ಜಗತ್ತಿನ ಗಮನ ಸೆಳೆದವು.

ಆದರೆ ನಮ್ಮ ಮೂರು ಜಿಲ್ಲೆಗಳಲ್ಲಿ ಕ್ಯಾಮೆರಾ ಕಲಿಯುವ ನಿಜವಾದ ಶಾಲೆ ಮದುವೆ ಮಂಟಪ. ಇದನ್ನು ಕೀಳಾಗಿ ಕಾಣುವವರ ಜತೆ ನನ್ನ ಒಪ್ಪಿಗೆಯಿಲ್ಲ. ಅಕ್ಷತೆ ಬೀಳುವುದು ಒಂದೇ ಸಲ, ಬೆಳಕು ಕೆಟ್ಟದ್ದು, ಜನ ಅಡ್ಡ ಬರುತ್ತಾರೆ, ಬ್ಯಾಟರಿ ಮುಗಿಯುತ್ತದೆ, ಹಣ ಕೊಟ್ಟವರು ಕಾಯುವುದಿಲ್ಲ. ಐದು ಹಂಗಾಮು ಮದುವೆ ತೆಗೆದವರ ಕೈಯಲ್ಲಿ ಸಾಕ್ಷ್ಯಚಿತ್ರಕ್ಕೆ ಬೇಕಾದ ಚುರುಕು ಬಂದಿರುತ್ತದೆ. ಅವರು ಬಿಡಬೇಕಾದ ಅಭ್ಯಾಸಗಳೂ ಇವೆ. ಎಲ್ಲವನ್ನೂ ನಿಧಾನಗತಿಯಲ್ಲಿ ತೆಗೆಯುವುದು, ಹಾಡು ಹಾಕುತ್ತೇವಲ್ಲ ಎಂದು ಮೂಲ ಶಬ್ದವನ್ನು ಬಿಟ್ಟುಬಿಡುವುದು, ‘ಸ್ವಲ್ಪ ಈ ಕಡೆ ನೋಡಿ’ ಎನ್ನುವುದು. ಸಾಕ್ಷ್ಯಚಿತ್ರದಲ್ಲಿ ಜನ ಕ್ಯಾಮೆರಾವನ್ನು ಮರೆಯಬೇಕು. ಅದಕ್ಕೆ ಸಲಹೆ ಕೊಡುವ ಬಾಯಿ ಮೊದಲು ಸುಮ್ಮನಾಗಬೇಕು.

ಮುಂದಿನ ಮೆಟ್ಟಿಲು, ಹೊರಗಿನ ತಂಡಗಳೊಂದಿಗೆ ಸಹಾಯಕರಾಗಿ ಹೋಗುವುದು. ಬಿದರಿ, ಬರ, ಗುಳೆ, ಬಹಮನಿ ಸ್ಮಾರಕ, ಶರಣರ ನೆಲೆಗಳ ಬಗ್ಗೆ ಚಿತ್ರ ಮಾಡಲು ಬೆಂಗಳೂರು, ಹೈದರಾಬಾದ್, ದೆಹಲಿಯಿಂದ ಬರುವವರಿಗೆ ಸ್ಥಳೀಯರೊಬ್ಬರು ಬೇಕೇ ಬೇಕು. ಬಹಳ ಸಲ ನಮ್ಮವರನ್ನು ವಾಹನ, ಊಟ, ಅನುಮತಿ ನೋಡಿಕೊಳ್ಳಲು ಇಟ್ಟುಕೊಂಡು ಅಷ್ಟಕ್ಕೇ ಬಿಡುತ್ತಾರೆ. ಆ ಕೆಲಸ ಒಪ್ಪಿಕೊಳ್ಳುವಾಗಲೇ ಎರಡನೇ ಕ್ಯಾಮೆರಾ ಅಥವಾ ಫುಟೇಜ್ ನಕಲಿನ ಜವಾಬ್ದಾರಿಯನ್ನೂ ಕೇಳಿ ಪಡೆಯಿರಿ, ಚಿತ್ರದ ಕೊನೆಯ ಹೆಸರುಪಟ್ಟಿಯಲ್ಲಿ ಆ ಹುದ್ದೆಯೇ ಬರಲಿ. ಮುಂದಿನ ಕೆಲಸ ಸಿಗುವುದು ಆ ಒಂದು ಸಾಲಿನಿಂದ.

ದುಡ್ಡಿನ ವಿಷಯ ನೇರವಾಗಿ ಹೇಳುತ್ತೇನೆ. ಸಂಭಾವನೆ ಸಾಮಾನ್ಯವಾಗಿ ದಿನದ ಲೆಕ್ಕ. ನಿಮ್ಮ ಕೂಲಿ ಬೇರೆ, ನಿಮ್ಮ ಕ್ಯಾಮೆರಾದ ಬಾಡಿಗೆ ಬೇರೆ. ಎರಡನ್ನೂ ಒಂದೇ ಮೊತ್ತದಲ್ಲಿ ಒಪ್ಪಿಕೊಂಡವರು ಕ್ಯಾಮೆರಾವನ್ನು ಪುಕ್ಕಟೆ ಕೊಟ್ಟಂತೆ. ಪ್ರಯಾಣದ ದಿನಕ್ಕೆ ಎಷ್ಟು, ಚಿತ್ರೀಕರಣ ರದ್ದಾದರೆ ಎಷ್ಟು, ಫುಟೇಜ್ ಯಾರದ್ದು ಎಂಬುದು ಇಮೇಲಿನಲ್ಲಾದರೂ ಬರಹದಲ್ಲಿರಲಿ. ಮೂಲದಲ್ಲೇ ಕಡಿತವಾದ ತೆರಿಗೆಯನ್ನು ಪ್ರತಿ ವರ್ಷ ವಿವರ ಸಲ್ಲಿಸಿ ಲೆಕ್ಕಕ್ಕೆ ತಂದುಕೊಳ್ಳಿ. ವರ್ಷದ ವಹಿವಾಟು 20 ಲಕ್ಷ ದಾಟಿದರೆ ಜಿಎಸ್‌ಟಿ ನೋಂದಣಿ ಬೇಕು. ಮಳೆಗಾಲದ ತಿಂಗಳುಗಳಲ್ಲಿ ಕೆಲಸ ತೆಳುವಾಗುತ್ತದೆ, ಆಗ ಮದುವೆಯ ದುಡ್ಡೂ ಇರುವುದಿಲ್ಲ. ಹಾಗಾಗಿ ಈ ಕಸುಬಿನ ಬಹುತೇಕರು ಸರ್ಕಾರೇತರ ಸಂಸ್ಥೆಗಳ ಕಿರುಚಿತ್ರ, ಇಲಾಖೆಗಳ ಪ್ರಚಾರ ಚಿತ್ರ, ಕಾಲೇಜಿನ ಪಾಠ ಎಂದು ಜತೆಗೊಂದು ಆದಾಯ ಇಟ್ಟುಕೊಂಡಿರುತ್ತಾರೆ. ಇದರಲ್ಲಿ ಅವಮಾನವೇನಿಲ್ಲ. ಸ್ವಂತ ಚಿತ್ರ ಮಾಡುವವರಿಗೆ ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್‌ನಂಥ ಸಂಸ್ಥೆಗಳ ಅನುದಾನವಿದೆ. ತೋರಿಸಲು 1990ರಿಂದ ಎರಡು ವರ್ಷಕ್ಕೊಮ್ಮೆ ನಡೆಯುವ ಮುಂಬೈನ ಸಾಕ್ಷ್ಯಚಿತ್ರ ಉತ್ಸವ, 2008ರಲ್ಲಿ ಶುರುವಾದ ತಿರುವನಂತಪುರದ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರ ಉತ್ಸವ ಇವೆ. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯಲ್ಲೂ ಕಥೇತರ ವಿಭಾಗದ ಛಾಯಾಗ್ರಹಣಕ್ಕೆ ಪ್ರತ್ಯೇಕ ಗೌರವವಿದೆ.

ಕೆಲಸ ಕೇಳಲು ಹೋಗುವಾಗ ಎಲ್ಲರೂ ಎರಡು ನಿಮಿಷದ ಮಿಂಚಿನ ತುಣುಕುಗಳನ್ನು ಹಾಡಿಗೆ ಜೋಡಿಸಿ ಕಳಿಸುತ್ತಾರೆ. ಸಾಕ್ಷ್ಯಚಿತ್ರ ನಿರ್ದೇಶಕರಿಗೆ ಅದರಿಂದ ಏನೂ ತಿಳಿಯುವುದಿಲ್ಲ. ನಿಮ್ಮ ಓಣಿಯಲ್ಲೇ ಒಂದು ಕೆಲಸ ಆರಿಸಿಕೊಳ್ಳಿ: ದಾಲ್ ಮಿಲ್ಲಿನ ಬೆಳಗಿನ ಪಾಳಿ, ಕಲ್ಲಿಗೆ ಪಾಲಿಶ್ ಹಾಕುವವರ ದಿನ, ರೊಟ್ಟಿ ಬಡಿದು ಮಾರುವ ಮನೆ. ಕ್ಯಾಮೆರಾ ಇಲ್ಲದೆ ಒಂದೆರಡು ದಿನ ಅಲ್ಲಿ ಕೂತು ಬನ್ನಿ. ಆಮೇಲೆ ಅದನ್ನು ಮೂಲ ಶಬ್ದದೊಂದಿಗೆ, ಹಾಡಿಲ್ಲದೆ, ಐದು ನಿಮಿಷಕ್ಕೆ ಜೋಡಿಸಿ. ಅದರ ಜತೆಗೆ ಕತ್ತರಿಸದ ಇಪ್ಪತ್ತು ನಿಮಿಷದ ಫುಟೇಜನ್ನೂ ಕಳಿಸಿ. ಏನೂ ನಡೆಯದಿದ್ದಾಗ ನೀವು ಕ್ಯಾಮೆರಾವನ್ನು ಎಲ್ಲಿ ಇಟ್ಟಿದ್ದಿರಿ ಎಂಬುದನ್ನು ನಿರ್ದೇಶಕರು ಹುಡುಕುವುದು ಆ ಇಪ್ಪತ್ತು ನಿಮಿಷದಲ್ಲಿ.